ಸ್ಮಾರಕಗಳ ಪಟ್ಟಿ: ಹೆಸರಿನ ಸಂದಿಗ್ಧ, ಸಂಖ್ಯೆಯ ಸ್ಥೈರ್ಯ

ನೂರು ವರ್ಷಗಳಿಗೆ ಕಡಮೆಯಿಲ್ಲದೆ ಬಾಳಿ, ಇತಿಹಾಸದ, ಪ್ರಾಕ್ತನ ವಿಮರ್ಶೆಯ ಅಥವಾ ಕಲೆಯ ದೃಷ್ಟಿಯಿಂದ ಗಣ್ಯವೆನಿಸಿದ ಕಟ್ಟಡ, ಗುಹೆ, ಶಾಸನ, ಸಮಾಧಿ ಮೊದಲಾದವನ್ನು ನಮ್ಮ ದೇಶದ ಕಾನೂನು ಪುರಾತನ ಸ್ಮಾರಕವೆಂದು ಕರೆಯುತ್ತದೆ. ಇವುಗಳ ಪೈಕಿ ರಾಷ್ಟ್ರೀಯ ಮಹತ್ತ್ವದವು 1958ರ ಕಾಯಿದೆಯ ಮೇರೆಗೆ ಭಾರತೀಯ ಪುರಾತತ್ತ್ವ ಸರ್ವೇಕ್ಷಣ ಇಲಾಖೆಯ ರಕ್ಷಣೆಗೆ ಸೇರಿವೆ. ದೇಶದಲ್ಲಿ ಅಂಥವು 3,600ಕ್ಕೂ ಹೆಚ್ಚು, ಕರ್ನಾಟಕವೊಂದರಲ್ಲಿಯೇ ಐನೂರಕ್ಕೂ ಮಿಕ್ಕಿ. ರಾಜ್ಯದ 1961ರ ಕಾಯಿದೆಯಡಿ ರಕ್ಷಿತವಾದವು ಬೇರೆ. ಪರಿಭಾಷೆಗೆ ಇಷ್ಟು ಸಾಕು.

2010ರಲ್ಲಿ ನೆದರ್ಲೆಂಡ್ಸ್ ದೇಶದ ವಿಕಿಪೀಡಿಯ ಸ್ವಯಂಸೇವಕರು ತಮ್ಮ ರಾಷ್ಟ್ರೀಯ ಸ್ಮಾರಕಗಳ ಛಾಯಾಚಿತ್ರಗಳಿಗಾಗಿ 'ವಿಕಿ ಲವ್ಸ್ ಮಾನ್ಯುಮೆಂಟ್ಸ್' ಎಂಬ ಸ್ಪರ್ಧೆಯನ್ನು ಏರ್ಪಡಿಸಿದರು. ಮರುವರ್ಷ ಅದು ಯೂರೋಪಿನ ಇತರ ದೇಶಗಳಿಗೆ ಹಬ್ಬಿತು. 2012ರಲ್ಲಿ ಭಾರತವೂ ಸೇರಿತು. ಚಿತ್ರ ತೆಗೆಯುವವನಿಗೆ ಏನನ್ನು, ಎಲ್ಲಿ ತೆಗೆಯಬೇಕೆಂಬುದು ಮೊದಲು ತಿಳಿದಿರಬೇಕಷ್ಟೆ. ಆದಕಾರಣ ಸರ್ಕಾರದ ದಾಖಲೆಗಳಲ್ಲಿದ್ದ ಹೆಸರುಗಳನ್ನೆಲ್ಲ ರಾಜ್ಯವಾರು ವಿಂಗಡಿಸಿ, ಪ್ರತಿಯೊಂದು ಸ್ಮಾರಕಕ್ಕೂ ಒಂದೊಂದು ಸಾಲು ಕೊಟ್ಟು, ಆ ಸಾಲಿನಲ್ಲಿ ಹೆಸರು, ಗ್ರಾಮ, ಜಿಲ್ಲೆ, ಅಕ್ಷಾಂಶ ರೇಖಾಂಶಗಳು, ಚಿತ್ರ ಇವಕ್ಕೆ ಸ್ಥಳವಿಟ್ಟು, ಯಾರು ಬೇಕಾದರೂ ತಿದ್ದಬಹುದಾದ ಪಟ್ಟಿಗಳನ್ನು ವಿಕಿಪೀಡಿಯದಲ್ಲಿ ಕಟ್ಟಲಾಯಿತು.

ಈ ಸಾಲಿನಲ್ಲಿ ಇನ್ನೊಂದು ಅಂಕಣವಿದೆ; ನಾನು ಈ ವಿಷಯವನ್ನು ಹೇಳಿದಲ್ಲೆಲ್ಲ ಕೇಳುಗರು ಎಡವುವುದು ಅದರಲ್ಲಿಯೇ. ಅದು ಗುರುತಿನ ಸಂಖ್ಯೆ. ರಾಷ್ಟ್ರೀಯ ಸ್ಮಾರಕಕ್ಕೆ ಎನ್, ರಾಜ್ಯದ್ದಕ್ಕೆ ಎಸ್, ಬಳಿಕ ರಾಜ್ಯದ ಸಂಕೇತಾಕ್ಷರಗಳು, ಕಡೆಗೊಂದು ಅಂಕೆ. ತಮ್ಮೂರಿನ ದೇವಾಲಯಕ್ಕೆ ಇನ್ನೂರು ದಾಟಿದ ಅಂಕೆ ಬಂದುದನ್ನು ಕಂಡವರು, ಅದು ಅಷ್ಟು ಕೀಳೆ ಎಂದು ನೊಂದು ಕೇಳುತ್ತಾರೆ. ಅಂಕೆಯು ಯೋಗ್ಯತೆಯ ಅಳತೆಯಲ್ಲ, ಕಾಲಾನುಕ್ರಮವೂ ಅಲ್ಲ. ಅದಕ್ಕೆ ಯಾವ ಅರ್ಥವೂ ಇಲ್ಲದಿರುವುದೇ ಅದರ ಗುಣ.

ಹೆಸರಿದ್ದಮೇಲೆ ಸಂಖ್ಯೆಯೇಕೆಂದರೆ, ಹೆಸರುಗಳ ಪಾಡನ್ನು ನೋಡಿ. ಸೋಮೇಶ್ವರ ದೇವಾಲಯವೆಂದರೆ ಕೋಲಾರದ್ದೋ, ಲಕ್ಷ್ಮೇಶ್ವರದ್ದೋ, ಹಾರನಹಳ್ಳಿಯದೋ? ಊರಿನ ಹೆಸರು ಸೇರಿಸಿದರೆ ಸಂದಿಗ್ಧ ಹರಿಯಿತೆನ್ನುವ ಹೊತ್ತಿಗೆ ಕಾಗುಣಿತದ ತೊಡಕು ಎದುರಾಗುತ್ತದೆ: ನಮ್ಮ ಹಳೇಬೀಡು ರೋಮನ್ ಲಿಪಿಯ ದಾಖಲೆಗಳಲ್ಲಿ ಮೂರು ನಾಲ್ಕು ಬಗೆಯಾಗಿ ಬರೆಯಲ್ಪಟ್ಟಿದ್ದು, ಆ ಲಿಪಿಯಲ್ಲಿ ಲಕಾರ ಳಕಾರಗಳ ಭೇದವೂ ಅಳಿದುಹೋಗುತ್ತದೆ. ಜಿಲ್ಲೆಯ ಆಸರೆಯೂ ನೆಚ್ಚತಕ್ಕದ್ದಲ್ಲ. ಇಟಗಿಯ ಮಹಾದೇವ ದೇವಾಲಯವಿದ್ದ ರಾಯಚೂರು ಜಿಲ್ಲೆ 1956ರವರೆಗೆ ಹೈದರಾಬಾದು ರಾಜ್ಯದಲ್ಲಿತ್ತು. ಬಳಿಕ ಮೈಸೂರು ರಾಜ್ಯಕ್ಕೆ ಬಂದು, 1997ರಲ್ಲಿ ವಿಭಜನೆಗೊಂಡಾಗ ಇಟಗಿ ಕೊಪ್ಪಳ ಜಿಲ್ಲೆಯ ಪಾಲಾಯಿತು. ಬಳ್ಳಾರಿ ಜಿಲ್ಲೆಯ ಹಂಪೆ 2021ರಿಂದ ವಿಜಯನಗರ ಜಿಲ್ಲೆಯದು. ಕಲ್ಲು ಇದ್ದಲ್ಲಿಯೇ ಇದೆ. ಅದರ ವಿಳಾಸ ಮಾತ್ರ ಮತ್ತೆ ಮತ್ತೆ ಬದಲಾಗಿದೆ!

ಮನುಷ್ಯನಾದರೆ ಈ ವ್ಯತ್ಯಾಸಗಳನ್ನು ಊಹೆಯಿಂದ ಸರಿಪಡಿಸಿಕೊಂಡಾನು. ಗಣಕಯಂತ್ರಕ್ಕೆ ಆ ಊಹೆಯಿಲ್ಲ. ಯಾತ್ರಿಕನೊಬ್ಬನು ತಾನು ತೆಗೆದ ಚಿತ್ರದ ವಿವರಣೆಯಲ್ಲಿ ಆ ಸಂಖ್ಯೆಯೊಂದನ್ನು ನಮೂದಿಸಿದರೆ ಸಾಕು, ಪಟ್ಟಿಗಳನ್ನೆಲ್ಲ ಓದಿ ಒಂದೆಡೆ ಕಲೆಹಾಕುವ ಕ್ರಮವಿಧಿಯು ಸಾವಿರಾರು ಸಾಲುಗಳ ನಡುವೆ ಅದೇ ಸಂಖ್ಯೆಯ ಸಾಲನ್ನು ಹುಡುಕಿ, ಚಿತ್ರವಿದೆ, ಸಾಲಿನಲ್ಲಿ ಮಾತ್ರ ಇಲ್ಲ ಎಂದು ಸಂಪಾದಕರಿಗೆ ತಿಳಿಸುತ್ತದೆ. ಒಬ್ಬರನ್ನೊಬ್ಬರು ಎಂದೂ ಕಾಣದ ಇಬ್ಬರು, ಆ ಅಂಕೆಯೊಂದರ ಮೂಲಕ, ಒಂದೇ ಗುಡಿಯ ಕೆಲಸ ಮಾಡುತ್ತಾರೆ. ಇದು ಎಷ್ಟು ಸಲ ವಿವರಿಸಿದರೂ ನನಗೆ ಹೊಸ ಸಂತೋಷವನ್ನೇ ಕೊಡುವ ಸಂಗತಿ.

ಕನ್ನಡನಾಡಿಗೆ ಈ ಉಪಾಯ ಹೊಸದೇನಲ್ಲ. ಬಿ. ಎಲ್. ರೈಸ್ ಅವರು 1886ರಿಂದ ಇಪ್ಪತ್ತು ವರ್ಷಗಳೊಳಗೆ ಹೊರತಂದ 'ಎಪಿಗ್ರಾಫಿಯ ಕರ್ನಾಟಿಕ'ದ ಹನ್ನೆರಡು ಸಂಪುಟಗಳಲ್ಲಿ ಶಾಸನಗಳನ್ನು ತಾಲ್ಲೂಕುವಾರು ಎಣಿಸಿ, ತಾಲ್ಲೂಕಿನ ಹೆಸರು ಮತ್ತು ಒಂದು ಅಂಕೆ ಇವೆರಡರಿಂದಲೇ ಯಾವ ಶಾಸನವನ್ನಾದರೂ ನಿರ್ದೇಶಿಸುವ ಪದ್ಧತಿಯನ್ನು ನೆಲೆಗೊಳಿಸಿದರು. ಮೈಸೂರು ವಿಶ್ವವಿದ್ಯಾನಿಲಯದ ಪರಿಷ್ಕೃತ ಆವೃತ್ತಿಯಲ್ಲಿ ಅಂಕೆಗಳು ಬದಲಾದುದರಿಂದ ಇಂದಿನ ಸಂಶೋಧಕನು ಹಳೆಯದನ್ನೂ ಹೊಸದನ್ನೂ ಎರಡನ್ನೂ ಕೈಯಲ್ಲಿ ಹಿಡಿದಿರಬೇಕಾಗಿದೆ. ಒಮ್ಮೆ ಕೊಟ್ಟ ಸಂಖ್ಯೆಯನ್ನು ಅಲುಗಿಸಬಾರದೆಂಬುದಕ್ಕೆ ಇದಕ್ಕಿಂತ ಹತ್ತಿರದ ನಿದರ್ಶನ ಬೇಡ.

ಸ್ಮಾರಕವೇ ಇಲ್ಲವಾದರೆ? ಭಾರತದ ಲೆಕ್ಕನಿಯಂತ್ರಕರು ಮತ್ತು ಮಹಾಲೆಕ್ಕಪರಿಶೋಧಕರು 2013ರ ವರದಿಯಲ್ಲಿ, ತಾವು ಪರೀಕ್ಷಿಸಿದ ರಕ್ಷಿತ ಸ್ಮಾರಕಗಳಲ್ಲಿ 92 ಕಣ್ಮರೆಯಾಗಿವೆಯೆಂದರು. 2024ರಲ್ಲಿ ಪುರಾತತ್ತ್ವ ಇಲಾಖೆಯು 18 ಸ್ಮಾರಕಗಳನ್ನು ಪಟ್ಟಿಯಿಂದ ಕೈಬಿಡಲು ಮುಂದಾಯಿತು. ಹರಿಯಾಣದ ಮುಜೇಸರದ ಹದಿಮೂರನೆಯ ಕೋಸ್ ಮಿನಾರ್, ಎಂದರೆ ಹಳೆಯ ಹೆದ್ದಾರಿಯ ದೂರಸೂಚಕ ಕಂಬ, ಅವುಗಳಲ್ಲೊಂದು. ಇಂಥವುಗಳ ಸಾಲನ್ನು ಅಳಿಸಿ ಆ ಸಂಖ್ಯೆಯನ್ನು ಇನ್ನೊಂದಕ್ಕೆ ಕೊಡುವುದು ನನ್ನ ಮತದಲ್ಲಿ ಘೋರ ತಪ್ಪು. ಅಳಿದುದೂ ತನ್ನ ಸಂಖ್ಯೆಯೊಡನೆ, ಅಳಿದುದೆಂಬ ಟಿಪ್ಪಣಿಯೊಡನೆ, ಪಟ್ಟಿಯಲ್ಲಿಯೇ ಉಳಿಯತಕ್ಕದ್ದು.

ಓದುಗರಲ್ಲಿ ನನ್ನದೊಂದು ಪ್ರಾರ್ಥನೆ. ನಿಮ್ಮ ಜಿಲ್ಲೆಯ ಪಟ್ಟಿಯನ್ನು ತೆರೆದು, ಚಿತ್ರವಿಲ್ಲದ ಸಾಲುಗಳನ್ನು ಮೊದಲು ನೋಡಿ. ಬೇಲೂರು ಸೋಮನಾಥಪುರಗಳಿಗೆ ಚಿತ್ರಗಳ ಬರವಿಲ್ಲ. ಹೊಲದ ನಡುವಣ ಶಿಲಾಯುಗದ ನೆಲೆಗೆ, ಕೆರೆಯ ಹಿಂದಣ ಬಸದಿಗೆ ಹೋಗುವವರು ವಿರಳ. ಹೋಗುವ ಮುನ್ನ ಆ ಊರಿನ ಹಳೆಯ ಗೆಝೆಟಿಯರನ್ನೂ ಮೈಸೂರು ಪ್ರಾಕ್ತನ ವಿಮರ್ಶೆಯ ಇಲಾಖೆಯ ವಾರ್ಷಿಕ ವರದಿಗಳನ್ನೂ ಓದಿಕೊಳ್ಳಿ. ಅಕ್ಷಾಂಶವನ್ನು ಬರೆಯುವಾಗ ದಶಮಾಂಶದ ನಾಲ್ಕನೆಯ ಸ್ಥಾನವನ್ನು ಬಿಡಬೇಡಿ. ಅದು ಸುಮಾರು ಹನ್ನೊಂದು ಮೀಟರಿನಷ್ಟು. ಮೂರನೆಯ ಸ್ಥಾನದಲ್ಲಿ ಒಂದು ಅಂಕೆ ತಪ್ಪಿದರೂ ನೂರು ಮೀಟರು ತಪ್ಪಿ, ಬಂದವನು ಬೇರೆಯವರ ಕಣದಲ್ಲಿ ನಿಂತು ಗುಡಿಯೆಲ್ಲಿಯೆಂದು ಕೇಳಬೇಕಾದೀತು.