ಲಿಂಕ್ ಎಂಬ ಹೆಸರಿನ ನಾಯಕರು: ಒಂದು ಕಾಲಾನುಕ್ರಮದ ಪರಿಶೀಲನೆ

ಬೇರೆ ಬೇರೆ ಕಾಲದ ದಾಖಲೆಗಳಲ್ಲಿ ಒಂದೇ ಹೆಸರು ಕಾಣಿಸಿಕೊಂಡಾಗ ಚರಿತ್ರಕಾರನು ಕೇಳಬೇಕಾದ ಮೊದಲ ಪ್ರಶ್ನೆ, ಈ ಹೆಸರಿನವನು ಒಬ್ಬನೋ ಹಲವರೋ ಎಂಬುದು. ಶಾಸನಗಳನ್ನು ಓದುವವರಿಗೆ ಇದು ನಿತ್ಯದ ತೊಡಕು. ಈ ಪ್ರಶ್ನೆ ಕಲ್ಲು ತಾಮ್ರಪಟಗಳ ಹೊರಗೆ, ನಮ್ಮ ವಿದ್ಯಾರ್ಥಿಗಳು ಬಿಡುವಿನ ವೇಳೆಯಲ್ಲಿ ಆಡುವ ವಿಡಿಯೋ ಆಟಗಳಲ್ಲಿಯೂ ಎದುರಾಗುತ್ತದೆಂಬುದು ಹಲವರಿಗೆ ಹೊಸ ಸಂಗತಿಯಾಗಿ ತೋರಬಹುದು. ಜಪಾನಿನ ಕ್ಯೋಟೊ ನಗರದ ನಿಂಟೆಂಡೊ ಸಂಸ್ಥೆಯು 1986ರಿಂದ ಹೊರತರುತ್ತಿರುವ ‘ದಿ ಲೆಜೆಂಡ್ ಆಫ್ ಜೆಲ್ಡಾ’ ಎಂಬ ಆಟಗಳ ಮಾಲೆಯೂ, ಅದರ ನಾಯಕನಾದ ಲಿಂಕನೂ ಇದಕ್ಕೆ ತಕ್ಕ ನಿದರ್ಶನ. ಆ ನಾಯಕನ ಪುನರಾಗಮನಗಳನ್ನು ಯಾವ ಕ್ರಮದಲ್ಲಿ ಓದಬೇಕೆಂಬುದನ್ನು ವಿಚಾರಮಾಡುವುದು ಪ್ರಸ್ತುತ ಲೇಖನದ ಉದ್ದೇಶ.

ಮೂಲಕಥೆ ಸರಳವಾದುದು. ಹೈರೂಲ್ ಎಂಬುದೊಂದು ಕಲ್ಪಿತ ರಾಜ್ಯ. ಅದರ ರಾಜಕುಮಾರಿ ಜೆಲ್ಡಾ. ಗ್ಯಾನನ್ ಎಂಬ ದುಷ್ಟನು ರಾಜ್ಯವನ್ನು ಪೀಡಿಸುವಾಗ ಮೊನೆಚಾದ ಕಿವಿಗಳುಳ್ಳ, ಹಸಿರುಡುಗೆಯ ಹುಡುಗನೊಬ್ಬನು ಖಡ್ಗಹಿಡಿದು ಹೊರಡುತ್ತಾನೆ. ಶಿಗೆರು ಮಿಯಾಮೊಟೊ ಮತ್ತು ತಕಾಶಿ ತೆಜುಕಾ ಅವರು ನಿರ್ದೇಶಿಸಿದ ಮೊದಲ ಆಟವು 1986ರ ಫೆಬ್ರವರಿಯಲ್ಲಿ ಜಪಾನಿನಲ್ಲಿ ಪ್ರಕಟವಾಯಿತು. ನಾಯಕನ ಹೆಸರಿಗೆ ಇಂಗ್ಲಿಷಿನಲ್ಲಿ ‘ಕೊಂಡಿ’ ಎಂದರ್ಥ. ಮೊದಲ ಯೋಜನೆಯಲ್ಲಿ ಕಥೆಯು ಭೂತಕಾಲ ಭವಿಷ್ಯತ್ಕಾಲಗಳ ನಡುವೆ ಸಾಗಬೇಕಾಗಿದ್ದಿತೆಂದೂ, ಆ ಎರಡು ಕಾಲಗಳನ್ನು ಬೆಸೆಯುವವನೆಂಬ ಅರ್ಥದಲ್ಲಿ ಈ ಹೆಸರನ್ನು ಇಟ್ಟುದಾಗಿಯೂ ಮಿಯಾಮೊಟೊ ಅವರು ಮುಂದೆ ಸಂದರ್ಶನವೊಂದರಲ್ಲಿ ತಿಳಿಸಿದ್ದಾರೆ. ಆ ಯೋಜನೆ ಕೈಬಿಟ್ಟುಹೋಯಿತು, ಹೆಸರು ಉಳಿಯಿತು. ಈ ಹೆಸರನ್ನಾದರೂ ಆಟಗಾರನು ಒಪ್ಪಲೇಬೇಕೆಂಬ ನಿಯಮವಿರಲಿಲ್ಲ. ಆಟದ ಆರಂಭದಲ್ಲಿ ತನಗೆ ಬೇಕಾದ ಹೆಸರನ್ನು ಬರೆದುಕೊಳ್ಳುವ ಸ್ವಾತಂತ್ರ್ಯ ಅವನಿಗಿದ್ದಿತು, ನಾಯಕನಾದರೋ ಮೌನಿ. ಪಾತ್ರಗಳು ಬಾಯ್ದೆರೆದು ಮಾತನಾಡುವ ‘ಬ್ರೆತ್ ಆಫ್ ದಿ ವೈಲ್ಡ್’ (2017) ಕೃತಿಯಲ್ಲಿಯೇ ಆ ಸ್ವಾತಂತ್ರ್ಯ ನಿಂತು, ‘ಲಿಂಕ್’ ಎಂಬ ಹೆಸರು ಸ್ಥಿರವಾದುದು.

ರಾಜಕುಮಾರಿಯ ಹೆಸರು ಮರಳಿ ಮರಳಿ ಬರುವುದಕ್ಕೆ ಮಾಲೆಯೇ ಒಂದು ಕಾರಣವನ್ನು ಒದಗಿಸಿದೆ. 1987ರ ಎರಡನೆಯ ಆಟದ ಕೈಪಿಡಿಯ ಪ್ರಕಾರ, ಪೂರ್ವಕಾಲದಲ್ಲಿ ಜೆಲ್ಡಾ ಎಂಬ ರಾಜಕುಮಾರಿ ಮಂತ್ರನಿದ್ರೆಗೆ ಒಳಗಾದಳು. ಆ ದುರಂತವನ್ನು ಯಾರೂ ಮರೆಯದಿರಲೆಂದು ಅರಮನೆಯಲ್ಲಿ ಹುಟ್ಟುವ ಹೆಣ್ಣುಮಕ್ಕಳಿಗೆಲ್ಲ ಅದೇ ಹೆಸರನ್ನಿಡುವಂತೆ ಆಜ್ಞೆಯಾಯಿತು. ಇದು ರಾಜವಂಶಕ್ಕೆ ಒಪ್ಪುವ ವಿವರಣೆ. ನಾಯಕನಿಗೆ ಇಂಥ ಆಜ್ಞೆ ಯಾವುದೂ ಇಲ್ಲ. ಅವನು ಅರಮನೆಯವನಲ್ಲ, ಕಾಡಿನ ಹಳ್ಳಿಯಿಂದಲೋ, ಕಡಲ ನಡುವಣ ದ್ವೀಪದಿಂದಲೋ, ಆಡು ಸಾಕುವ ಊರಿನಿಂದಲೋ ಬರುತ್ತಾನೆ. ಅವನಿಗೆ ಆ ಹೆಸರು ಏಕೆಂದು ಯಾರೂ ಹೇಳುವುದಿಲ್ಲ.

ಕೆಲವು ಕೃತಿಗಳಲ್ಲಿ ಹಿಂದಿನ ಲಿಂಕನೇ ಮರಳಿ ಬಂದಿರುವುದು ಸ್ಪಷ್ಟ. 1986 ಮತ್ತು 1987ರ ಆಟಗಳ ನಾಯಕನು ಒಬ್ಬನೇ. ‘ಆಕರಿನಾ ಆಫ್ ಟೈಮ್’ (1998) ಮತ್ತು ‘ಮಜೋರಾಸ್ ಮಾಸ್ಕ್’ (2000), ‘ದಿ ವಿಂಡ್ ವೇಕರ್’ (2002) ಮತ್ತು ‘ಫ್ಯಾಂಟಮ್ ಅವರ್‌ಗ್ಲಾಸ್’ (2007), ‘ಬ್ರೆತ್ ಆಫ್ ದಿ ವೈಲ್ಡ್’ ಮತ್ತು ‘ಟಿಯರ್ಸ್ ಆಫ್ ದಿ ಕಿಂಗ್ಡಮ್’ (2023) ಇವೂ ಹೀಗೆಯೇ ಜೋಡಿಯಾದವು. ಉಳಿದ ಹಲವೆಡೆ ಬರುವವನು ಬೇರೆಯೇ ಹುಡುಗ. 1991ರ ‘ಎ ಲಿಂಕ್ ಟು ದಿ ಪಾಸ್ಟ್’ ಬಂದಾಗಲೇ, ಇವರು ಹಿಂದಿನ ಆಟಗಳ ಲಿಂಕ್ ಮತ್ತು ಜೆಲ್ಡಾ ಅವರಿಗಿಂತ ಪೂರ್ವದವರೆಂದು ಅಮೆರಿಕದ ಪೆಟ್ಟಿಗೆಯ ಮೇಲೆ ಅಚ್ಚಾಗಿದ್ದಿತು.

ಹಾಗಾದರೆ ಇವನನ್ನು ಲಿಂಕನೆಂದು ಗುರುತಿಸುವುದು ಯಾವುದರಿಂದ? ಮುಖ್ಯವಾಗಿ ಉಡುಗೆಯಿಂದ. ಹಸಿರು ಅಂಗಿ, ಹಿಂದಕ್ಕೆ ಇಳಿಬಿದ್ದ ಚೂಪು ಟೊಪ್ಪಿಗೆ ಇವು ಬಹುಕಾಲ ಅವನ ಲಾಂಛನಗಳಾಗಿದ್ದವು. ಈ ಒಂದು ಉಡುಗೆಗೆ ಮಾಲೆಯು ಕೊಟ್ಟಿರುವ ಕಾರಣಗಳನ್ನು ಒಂದೆಡೆ ಇಟ್ಟು ನೋಡತಕ್ಕದ್ದು. 1998ರ ಕೃತಿಯಲ್ಲಿ ಅದು ಕೊಕಿರಿ ಎಂಬ ವನವಾಸಿ ಮಕ್ಕಳ ಸಾಮಾನ್ಯ ವೇಷ. ಲಿಂಕನು ಅವರ ನಡುವೆ ಬೆಳೆದವನಾದ್ದರಿಂದ ಅವನಿಗೂ ಅದೇ. 2002ರಲ್ಲಿ ಅದು ಒಂದು ದ್ವೀಪದ ಆಚರಣೆ: ಪುರಾತನ ವೀರನ ವಯಸ್ಸನ್ನು ಮುಟ್ಟಿದ ಹುಡುಗರಿಗೆ ಹುಟ್ಟುಹಬ್ಬದ ದಿನ ಹಸಿರುಡುಗೆಯನ್ನು ತೊಡಿಸುತ್ತಾರೆ. ಅಂದು ಸೆಕೆ, ದಪ್ಪ ಬಟ್ಟೆ, ಹುಡುಗನಿಗೆ ಅದು ಒಲ್ಲದ ಉಡುಗೊರೆ. ‘ದಿ ಮಿನಿಶ್ ಕ್ಯಾಪ್’ (2004) ಟೊಪ್ಪಿಗೆಗೆ ಪ್ರತ್ಯೇಕವಾದ ಕಥೆಯನ್ನೇ ಹೇಳುತ್ತದೆ: ಎಜ್ಲೊ ಎಂಬ ಮಾತನಾಡುವ ಟೊಪ್ಪಿಗೆಯನ್ನು ಧರಿಸಿ ಸಂಚರಿಸಿದ ಹುಡುಗನಿಗೆ ಕಡೆಯಲ್ಲಿ ಹಸಿರು ಟೊಪ್ಪಿಗೆಯೊಂದು ಕಾಣಿಕೆಯಾಗಿ ದೊರೆಯುತ್ತದೆ. ‘ಟ್ವೈಲೈಟ್ ಪ್ರಿನ್ಸೆಸ್’ (2006) ಕೃತಿಯಲ್ಲಿ ಅದು ಪ್ರಾಚೀನ ವೀರನ ಬಟ್ಟೆ. ಕಾಡಿನ ದೇವತೆಯೊಂದು ಅದನ್ನು ಅವನಿಗೆ ಒಪ್ಪಿಸುತ್ತದೆ. ‘ಸ್ಪಿರಿಟ್ ಟ್ರ್ಯಾಕ್ಸ್’ (2009) ಕೃತಿಯಲ್ಲಿ ಅರಮನೆಯ ಹೊಸ ಕಾವಲುಭಟರ ಸಮವಸ್ತ್ರ. ‘ಸ್ಕೈವರ್ಡ್ ಸೋರ್ಡ್’ (2011) ಕೃತಿಯಲ್ಲಿ ಯೋಧರ ಶಾಲೆಯೊಂದರ ಸಮವಸ್ತ್ರ. ಅದರ ಬಣ್ಣ ವರ್ಷವರ್ಷಕ್ಕೂ ಬದಲಾಗುವುದು ವಾಡಿಕೆ, ಆ ವರ್ಷದ ಸರದಿ ಹಸಿರಿನದಾಗಿದ್ದಿತು.

ಒಂದೇ ಆಚಾರಕ್ಕೆ ಆರು ಮೂಲಗಳು ಕಂಡುಬಂದಾಗ, ಇವುಗಳಲ್ಲಿ ನಿಜವಾದುದು ಯಾವುದೆಂದು ಕೇಳುವುದು ವ್ಯರ್ಥ. ಆಚಾರವು ಮೊದಲು, ಕಾರಣಕಥೆ ಆಮೇಲೆ ಎಂಬ ಮಾತು ಪುರಾಣಗಳನ್ನು ಅಭ್ಯಾಸಮಾಡಿದವರಿಗೆ ಹೊಸದಲ್ಲ. ಇಲ್ಲಿಯೂ ಹಾಗೆಯೇ. 1986ರಲ್ಲಿ ಹಸಿರುಡುಗೆ ಇದ್ದಿತು, ಕಾರಣವಿರಲಿಲ್ಲ. ಮುಂದಿನ ನಿರ್ಮಾಪಕರು ತಂತಮ್ಮ ಕಥೆಗೆ ಬೇಕಾದ ಕಾರಣವನ್ನು ಅದಕ್ಕೆ ತೊಡಿಸಿದರು. 2017ರಲ್ಲಿ ನಾಯಕನಿಗೆ ನೀಲಿಯ ಅಂಗಿ ಬಂದಿತು. ಆಗಲೂ ಅವನನ್ನು ಗುರುತಿಸಲಾರದೆ ಹೋದವರಿಲ್ಲ.

ಎಡಗೈಯ ಸಂಗತಿ ಇನ್ನೂ ಸ್ವಾರಸ್ಯವಾಗಿದೆ. ಲಿಂಕನು ಮೊದಲಿನಿಂದಲೂ ಎಡಚ. 2006ರ ಕೃತಿಯು ಗೇಮ್‌ಕ್ಯೂಬ್ ಮತ್ತು ವೀ ಎಂಬ ಎರಡು ಯಂತ್ರಗಳಿಗೆ ಸಿದ್ಧವಾಯಿತು. ವೀ ಯಂತ್ರದಲ್ಲಿ ಆಟಗಾರನು ನಿಯಂತ್ರಣದ ಕೋಲನ್ನು ಬೀಸಿ ಖಡ್ಗವನ್ನು ಆಡಿಸಬೇಕು. ಬಹುಮಂದಿ ಬೀಸುವುದು ಬಲಗೈಯಿಂದ. ಆದಕಾರಣ ನಾಯಕನನ್ನು ಬಲಗೈಯವನನ್ನಾಗಿ ಮಾಡಬೇಕಾಯಿತು. ಅದಕ್ಕಾಗಿ ಇಡೀ ಲೋಕವನ್ನೇ ಕನ್ನಡಿಯಲ್ಲಿ ಕಂಡಂತೆ ತಿರುಗಿಸಿಬಿಟ್ಟರು. ಒಂದು ಪಾಠದಲ್ಲಿ ಪಶ್ಚಿಮಕ್ಕಿರುವ ಮರುಭೂಮಿ ಇನ್ನೊಂದರಲ್ಲಿ ಪೂರ್ವಕ್ಕಿದೆ! ಒಂದೇ ವರ್ಷದಲ್ಲಿ ಪ್ರಕಟವಾದ ಎರಡು ಪಾಠಗಳಲ್ಲಿ ರಾಜ್ಯದ ಭೂಗೋಳವೇ ತಲೆಕೆಳಗಾದುದಕ್ಕೆ ಕಾರಣ ಕಥೆಯ ಒಳಗಿಲ್ಲ, ಆಟಗಾರನ ಕೈಯಲ್ಲಿದೆ. ಇಂಥ ಸಾಕ್ಷ್ಯದಿಂದ ಹೈರೂಲಿನ ‘ಇತಿಹಾಸ’ವನ್ನು ಕಟ್ಟಹೊರಡುವವರು ಈ ಒಂದು ಸಂಗತಿಯನ್ನಾದರೂ ನೆನಪಿನಲ್ಲಿಡಬೇಕು.

ಆದರೂ ಕಟ್ಟಿದರು. ಅಭಿಮಾನಿಗಳು ವರ್ಷಗಟ್ಟಲೆ ವಾದಿಸುತ್ತಿದ್ದ ಕಾಲಾನುಕ್ರಮವನ್ನು ನಿಂಟೆಂಡೊ ಸಂಸ್ಥೆಯೇ ಮಾಲೆಯ ಇಪ್ಪತ್ತೈದನೆಯ ವರ್ಷದಲ್ಲಿ, 2011ರ ಡಿಸೆಂಬರಿನಲ್ಲಿ, ‘ಹೈರೂಲ್ ಹಿಸ್ಟೋರಿಯಾ’ ಎಂಬ ಗ್ರಂಥದ ಮೂಲಕ ಬಹಿರಂಗಪಡಿಸಿತು. ಅದರ ಪ್ರಕಾರ ‘ಸ್ಕೈವರ್ಡ್ ಸೋರ್ಡ್’ ಎಲ್ಲಕ್ಕೂ ಆದಿ. ‘ಆಕರಿನಾ ಆಫ್ ಟೈಮ್’ ವರೆಗೆ ಕಾಲವು ಒಂದೇ ಧಾರೆಯಾಗಿ ಹರಿಯುತ್ತದೆ. ಅಲ್ಲಿಂದ ಮುಂದೆ ಮೂರಾಗಿ ಒಡೆಯುತ್ತದೆ.

ಎರಡು ಕವಲುಗಳಿಗೆ ಕೃತಿಯೊಳಗೇ ಆಧಾರವುಂಟು. ‘ಆಕರಿನಾ’ದಲ್ಲಿ ಬಾಲಕನಾದ ಲಿಂಕನು ಏಳು ವರ್ಷ ನಿದ್ರಿಸಿ ಯುವಕನಾಗಿ ಎದ್ದು ಗ್ಯಾನನನ್ನು ಸೋಲಿಸುತ್ತಾನೆ, ಕಡೆಯಲ್ಲಿ ಜೆಲ್ಡಾ ಅವನನ್ನು ಬಾಲ್ಯಕ್ಕೆ ಹಿಂದಿರುಗಿಸುತ್ತಾಳೆ. ಅವನು ಬಿಟ್ಟುಹೋದ ಕಾಲದಲ್ಲಿ ನಾಯಕನಿಲ್ಲದ ರಾಜ್ಯ ಉಳಿಯಿತು. ಅವನು ಮರಳಿದ ಕಾಲದಲ್ಲಿ ಕಥೆ ಬೇರೊಂದು ದಾರಿ ಹಿಡಿಯಿತು. ಇಷ್ಟನ್ನು ಒಪ್ಪಬಹುದು. ಮೂರನೆಯ ಕವಲು ನಾಯಕನು ಆ ಯುದ್ಧದಲ್ಲಿ ಸೋತನೆಂಬ ಊಹೆಯ ಮೇಲೆ ನಿಂತಿದೆ. ಆ ಸೋಲನ್ನು ಯಾವ ಆಟವೂ ನಿರೂಪಿಸಿಲ್ಲ. ಅದು ಆಟಗಾರನು ಸೋತಾಗ ತೆರೆಯ ಮೇಲೆ ಬರುವ, ಮರುಕ್ಷಣವೇ ಅಳಿಸಿಹೋಗುವ ಪ್ರಸಂಗ. 1986, 1987 ಮತ್ತು 1991ರ ಕೃತಿಗಳೆಲ್ಲ, ಎಂದರೆ ಮಾಲೆಯ ಮೂಲಗ್ರಂಥಗಳೇ, ಈ ಕವಲಿಗೆ ಸೇರಿಸಲ್ಪಟ್ಟಿವೆ! ಇದರ ಕಾರಣವನ್ನು ಊಹಿಸುವುದು ಕಷ್ಟವಲ್ಲ. 1991ರ ಕೃತಿಯ ಪೂರ್ವಕಥೆಯಲ್ಲಿ ದುಷ್ಟನನ್ನು ಸೆರೆಯಿಟ್ಟವರು ಋಷಿಸದೃಶರಾದ ಏಳು ಜ್ಞಾನಿಗಳು. ಖಡ್ಗವನ್ನು ಹಿಡಿಯಲು ಯೋಗ್ಯನಾದ ವೀರನೇ ಅಂದು ಸಿಕ್ಕಿರಲಿಲ್ಲ. 1998ರ ಕೃತಿಯಾದರೋ ಅದೇ ಕಾಲದ ಕಥೆಯಲ್ಲಿ ವೀರನನ್ನು ನಡುವೆ ನಿಲ್ಲಿಸಿತು. ಎರಡನ್ನೂ ಉಳಿಸಿಕೊಳ್ಳಬೇಕಾದರೆ ವೀರನು ಸತ್ತ ಲೋಕವೊಂದು ಬೇಕಾಯಿತು. ಇದು ಘಟನೆಯಲ್ಲ, ಹೊಲಿಗೆ.

ಈ ಪಟ್ಟಿಯೂ ಸ್ಥಿರವಾಗಿ ನಿಲ್ಲಲಿಲ್ಲ. 1993ರ ‘ಲಿಂಕ್ಸ್ ಅವೇಕನಿಂಗ್’ ಮೊದಲು 2001ರ ಎರಡು ‘ಆರಕಲ್’ ಕೃತಿಗಳ ನಂತರವಿದ್ದಿತು, ಆಮೇಲೆ ಅವುಗಳ ಹಿಂದಕ್ಕೆ ಸರಿಯಿತು. 2017ರ ಕೃತಿಯನ್ನು ಸಂಸ್ಥೆಯ ಜಪಾನೀ ಪಟ್ಟಿಯು 2018ರಲ್ಲಿ ಯಾವ ಕವಲಿಗೂ ಸೇರಿಸದೆ ಎಲ್ಲದರ ಕೊನೆಗೆ ಬೇರೆಯಾಗಿ ಇರಿಸಿತು. 2011ರ ಗ್ರಂಥವೇ, ಕಥೆ ಹೇಳುವವರು ಬದಲಾದಂತೆ ಈ ಇತಿಹಾಸವೂ ಬದಲಾಗತಕ್ಕದ್ದೆಂಬ ಅರ್ಥದ ಎಚ್ಚರಿಕೆಯನ್ನು ಕೊಟ್ಟಿದ್ದಿತೆಂಬುದನ್ನು ಇಲ್ಲಿ ಹೇಳುವುದು ನ್ಯಾಯ. ಆ ಎಚ್ಚರಿಕೆಗಿಂತ ಪಟ್ಟಿಯೇ ಹೆಚ್ಚು ಪ್ರಚಾರವಾಯಿತು.

ಮನರಂಜನೆಯ ವಸ್ತುವಿಗೆ ಇಷ್ಟು ಸೂಕ್ಷ್ಮವೇಕೆಂದು ವಾಚಕರು ಕೇಳಬಹುದು. ಘಟನಾಕ್ರಮವನ್ನೇ ನಂಬಿ ರಚನಾಕ್ರಮವನ್ನು ಮರೆತರೆ ಕೃತಿಯ ಹುರುಳೇ ಕೈತಪ್ಪುತ್ತದೆ; ‘ದಿ ವಿಂಡ್ ವೇಕರ್’ ಇದಕ್ಕೆ ಸಾಕ್ಷಿ. ಅದರ ಪೀಠಿಕೆಯಲ್ಲಿ ದುಷ್ಟನು ಮರಳಿದಾಗ ಜನರು ವೀರನಿಗಾಗಿ ಕಾಯುತ್ತಾರೆ. ವೀರನು ಬರುವುದಿಲ್ಲ. ದೇವತೆಗಳು ರಾಜ್ಯವನ್ನು ಕಡಲಿನಲ್ಲಿ ಮುಳುಗಿಸುತ್ತಾರೆ. ಕಾಲಾಂತರದಲ್ಲಿ ದ್ವೀಪದ ಹುಡುಗನೊಬ್ಬನು ಹೊರಡುವುದು ರಾಜ್ಯದ ಉದ್ಧಾರಕ್ಕಲ್ಲ, ದೊಡ್ಡ ಹಕ್ಕಿಯೊಂದು ಎತ್ತಿಕೊಂಡುಹೋದ ತನ್ನ ತಂಗಿಯನ್ನು ಬಿಡಿಸಿಕೊಂಡು ಬರುವುದಕ್ಕೆ. ಪುರಾತನ ವೀರನಿಗೂ ಇವನಿಗೂ ಯಾವ ಸಂಬಂಧವೂ ಇಲ್ಲವೆಂದು ಕೃತಿಯಲ್ಲಿಯೇ ಹೇಳಿದೆ. ಹಕ್ಕಿಲ್ಲದವನು ನಡೆದು, ಸೋತು, ಮತ್ತೆ ನಡೆದು ಆ ಹೆಸರಿಗೆ ಅರ್ಹನಾಗುತ್ತಾನೆ. ಕಡೆಗೆ ಮುಳುಗಿದ ರಾಜ್ಯದ ಮುದಿಯರಸನು ಹೈರೂಲನ್ನು ಮರಳಿ ಬೇಡುವುದಿಲ್ಲ; ಅದು ಕೊಚ್ಚಿಹೋಗಲಿ, ಮಕ್ಕಳು ತಮ್ಮ ನೆಲವನ್ನು ತಾವೇ ಹುಡುಕಿಕೊಳ್ಳಲಿ ಎಂದು ಬಯಸುತ್ತಾನೆ.

ಒಂಬತ್ತು ವರ್ಷಗಳ ಮೇಲೆ ‘ಸ್ಕೈವರ್ಡ್ ಸೋರ್ಡ್’ ಬಂದಿತು. ಅದರ ಅಂತ್ಯದಲ್ಲಿ ಸೋತ ಅಸುರನು, ತನ್ನ ದ್ವೇಷವು ಮತ್ತೆ ಮತ್ತೆ ಹುಟ್ಟಿ ದೇವಿಯ ರಕ್ತದವರನ್ನೂ ವೀರನ ಚೇತನವುಳ್ಳವರನ್ನೂ ಬೆನ್ನಟ್ಟುವುದೆಂದು ಶಪಿಸುತ್ತಾನೆ. ಈ ಶಾಪವನ್ನು ಹಿಂದಿನ ಕೃತಿಗಳೆಲ್ಲಕ್ಕೂ ಅನ್ವಯಿಸಿದರೆ ದ್ವೀಪದ ಹುಡುಗನೂ ಆ ಚೇತನದ ಪುನರ್ಜನ್ಮವೇ ಆಗಬೇಕಾಗುತ್ತದೆ. ಅವನ ನಡಿಗೆಯೆಲ್ಲ ಮೊದಲೇ ಬರೆದಿಟ್ಟ ಹಣೆಬರಹವಾಗುತ್ತದೆ. ನಮ್ಮ ಓದುಗರಿಗೆ ಇಲ್ಲಿ ಅವತಾರವೆಂಬ ಮಾತು ಹೊಳೆಯುವುದು ಸಹಜ. ಆದರೆ ಅವತಾರಕಥೆಯಲ್ಲಿ ಬಂದವನು ಇಂಥವನೆಂಬುದು ಹೇಳುವವನಿಗೂ ಕೇಳುವವನಿಗೂ ಮೊದಲೇ ಗೊತ್ತು. 2002ರ ಹುಡುಗನ ಕಥೆಗೆ ಜೀವ ಬಂದಿರುವುದು ಅವನು ಇಂಥವನಲ್ಲವೆಂಬ ಸಂಗತಿಯಿಂದ. ಆದ್ದರಿಂದ 2002ರ ಕೃತಿಯನ್ನು 1998ರ ಕೃತಿಗೆ ಬಂದ ಉತ್ತರವೆಂದು ಓದತಕ್ಕದ್ದು. 2011ರ ಶಾಪದ ಪರಿಣಾಮವೆಂದಲ್ಲ. ಬರೆದ ಕಾಲದಲ್ಲಿ ಇಲ್ಲದಿದ್ದ ಶಾಪವು ಬರೆದುದನ್ನು ಆಳಲಾರದು.

ರಚನಾಕ್ರಮದಲ್ಲಿ ಓದಿದರೆ ಇನ್ನೊಂದು ಸಂಗತಿಯೂ ಕಾಣುತ್ತದೆ. ಪ್ರತಿಯೊಂದು ಕೃತಿಯೂ ಹಿಂದಿನದನ್ನು ಬೇರೊಂದು ಬಗೆಯಲ್ಲಿ ನೆನೆಯುತ್ತದೆ. 2002ರಲ್ಲಿ ಹಿಂದಿನ ವೀರನು ಒಂದು ಪ್ರತಿಮೆ. 2006ರಲ್ಲಿ ಕತ್ತಿವರಸೆಯನ್ನು ಕಲಿಸುವ, ಹೆಸರಿಲ್ಲದ ಅಸ್ಥಿಪಂಜರ. ಅವನು ‘ಆಕರಿನಾ’ದ ಲಿಂಕನೆಂದು ಸ್ಪಷ್ಟಪಡಿಸಿದ್ದು ಐದು ವರ್ಷಗಳ ನಂತರದ ಗ್ರಂಥ. 2017ರಲ್ಲಿ ನೂರು ವರ್ಷ ಮಲಗಿ ಎದ್ದ ನಾಯಕನಿಗೆ ತನ್ನದೇ ನೆನಪಿಲ್ಲ. ತನ್ನ ಚರಿತ್ರೆಯನ್ನು ಅವನು ಹಳೆಯ ಚಿತ್ರಗಳನ್ನು ಹಿಡಿದು, ಆಯಾ ಸ್ಥಳಗಳಿಗೆ ಹೋಗಿ ಕೂಡಿಸಿಕೊಳ್ಳಬೇಕು. ವಿಭಾಗದ ಕ್ಷೇತ್ರಕಾರ್ಯದ ವಿದ್ಯಾರ್ಥಿಗಳಿಗೆ ಇದಕ್ಕಿಂತ ಒಳ್ಳೆಯ ದೃಷ್ಟಾಂತ ದೊರೆಯುವುದು ದುರ್ಲಭ.

ಮಾಲೆಯ ಹೊರಗೆ ಅವನು ಅತಿಥಿಯಾಗಿ ಬರುವ ಆಟಗಳ ವಿಚಾರವನ್ನು ವಿಸ್ತರಿಸುವ ಅವಶ್ಯಕತೆಯಿಲ್ಲ. 2018ರ ‘ಸೂಪರ್ ಸ್ಮ್ಯಾಶ್ ಬ್ರದರ್ಸ್ ಅಲ್ಟಿಮೇಟ್’ ಎಂಬ ಮಲ್ಲಯುದ್ಧದ ಆಟದಲ್ಲಿ ಮೂರು ಕಾಲದ ಮೂವರು ಲಿಂಕರು ಒಂದೇ ಕಣದಲ್ಲಿ ಹೊಡೆದಾಡಬಹುದು. ಅಲ್ಲಿ ಕಾಲಾನುಕ್ರಮವನ್ನು ಯಾರೂ ಕೇಳುವುದಿಲ್ಲ.

2024ರ ಸೆಪ್ಟೆಂಬರಿನಲ್ಲಿ ಪ್ರಕಟವಾದ ‘ಎಕೋಸ್ ಆಫ್ ವಿಸ್ಡಮ್’ ಈ ದೃಷ್ಟಿಯಿಂದ ಗಮನಾರ್ಹವಾದುದು. ಮಾಲೆಯಲ್ಲಿ ಮೊದಲ ಬಾರಿಗೆ ಮಹಿಳೆಯೊಬ್ಬರು, ತೊಮೊಮಿ ಸಾನೊ ಅವರು, ನಿರ್ದೇಶಿಸಿದ ಕೃತಿಯಿದು. ಲಿಂಕನು ಆರಂಭದಲ್ಲಿಯೇ ರಾಜಕುಮಾರಿಯನ್ನು ಸೆರೆಯಿಂದ ಬಿಡಿಸಿ, ತಾನು ನೆಲದಲ್ಲಿ ಬಾಯ್ದೆರೆದ ಬಿರುಕಿನೊಳಗೆ ಮರೆಯಾಗುತ್ತಾನೆ. ಮುಂದೆ ಆಟಗಾರನು ನಡೆಸುವುದು ಜೆಲ್ಡಾಳನ್ನು. ಬೀಳುವ ಮುನ್ನ ಅವನು ಬಿಟ್ಟ ಬಾಣವು ಅವಳನ್ನು ಬಂಧಿಸಿದ್ದ ಸ್ಫಟಿಕವನ್ನು ಒಡೆಯುತ್ತದೆ. ಅವನ ಮೇಲುಹೊದಿಕೆಯನ್ನು ಹೊದ್ದು, ತಲೆಮರೆಸಿಕೊಂಡು ಅವಳು ಊರನ್ನು ದಾಟುತ್ತಾಳೆ. ಆ ಹೊದಿಕೆಯೂ ಹಸಿರಲ್ಲ.