ಅಮೃತಮತಿಗೆ ಏನಾಗಿತ್ತು?

ಪ್ರಶ್ನೆ: ಪ್ರೇಮಕಥೆಗಳೆಲ್ಲ ಸಿಹಿಯೇ? ಹಳಗನ್ನಡದಲ್ಲಿ ಕಹಿ ಪ್ರೇಮ ಇಲ್ಲವೇ?
– ಓದುಗರೊಬ್ಬರು, ಮಧುಗಿರಿ

ಉತ್ತರ: ನಿಮ್ಮ ಬೆಟ್ಟದ ಬುಡದಲ್ಲೇ ಮಲ್ಲಿನಾಥ ಬಸದಿಯಿದೆ. ಹಾಗಾಗಿ ಜೈನ ಕವಿಯಿಂದಲೇ ಶುರು ಮಾಡೋಣ. ಹೊಯ್ಸಳರ ಆಸ್ಥಾನದ ಜನ್ನ 1209ರಲ್ಲಿ 'ಯಶೋಧರ ಚರಿತೆ' ಬರೆದ. ರಾಣಿ ಅಮೃತಮತಿ ನಡುರಾತ್ರಿ ಒಂದು ಹಾಡು ಕೇಳಿ ಸೋಲುತ್ತಾಳೆ. ಹಾಡಿದವನು ಮಾವುತ ಅಷ್ಟಾವಂಕ, ಮಹಾ ಕುರೂಪಿ. ತಡವಾಗಿ ಬಂದಳೆಂದು ಅವನು ಹೊಡೆದರೂ ಅವಳು ಬಿಡುವುದಿಲ್ಲ. ಕಣ್ಣಾರೆ ಕಂಡ ಗಂಡ ಯಶೋಧರ ಕತ್ತಿಯೆತ್ತಿಯೂ ತನ್ನನ್ನು ತಡೆದುಕೊಳ್ಳುತ್ತಾನೆ. ಮುಂದೆ ಅವನು ಹೇಳುವ ಕೆಟ್ಟ ಕನಸಿನ ನೆಪ, ಅದರ ಶಾಂತಿಗೆಂದು ತಾಯಿಯ ಒತ್ತಾಯ, ಮಾರಿಗೆ ಹಿಟ್ಟಿನ ಕೋಳಿಯ ಬಲಿ. ಶಿರಾ, ಪಾವಗಡದ ಮಾರಿಹಬ್ಬ ಕಂಡವರಿಗೆ ಆ ದೃಶ್ಯ ಬಿಡಿಸಿ ಹೇಳಬೇಕಿಲ್ಲ. ಕೊನೆಗೆ ರಾಣಿ ಗಂಡನಿಗೂ ಅತ್ತೆಗೂ ವಿಷವಿಕ್ಕುತ್ತಾಳೆ.

ಕವಿ ಅವಳನ್ನು ಖಂಡಿಸುತ್ತಾನೆ, ನಿಜ. ಆದರೆ ಆ ಹಾಡಿನ ಸೆಳೆತವನ್ನು ಅಷ್ಟು ಅಕ್ಕರೆಯಿಂದ ಬರೆದವನೂ ಅವನೇ! ನನಗೆ ಅವನ ಖಂಡನೆಗಿಂತ ಈ ಅಕ್ಕರೆಯೇ ಹೆಚ್ಚು ನೆನಪಿರುತ್ತದೆ. ಗಿರೀಶ ಕಾರ್ನಾಡರ 'ಹಿಟ್ಟಿನ ಹುಂಜ' ಹುಟ್ಟಿದ್ದೂ ಇದೇ ಕಥೆಯಿಂದ.

ಇನ್ನೂ ಕಡುಕಪ್ಪು ಬೇಕೆಂದರೆ ಜನ್ನನದೇ 'ಅನಂತನಾಥ ಪುರಾಣ' (1230) ತೆರೆಯಿರಿ. ಚಂಡಶಾಸನ ಗೆಳೆಯ ವಸುಷೇಣನ ಹೆಂಡತಿ ಸುನಂದೆಯನ್ನು ಕದ್ದೊಯ್ಯುತ್ತಾನೆ. ಅವಳು ಒಲಿಯದಿದ್ದಾಗ ಗಂಡನ ತಲೆಯೆಂದು ಮಾಯೆಯ ತಲೆಯೊಂದನ್ನು ತೋರಿಸುತ್ತಾನೆ. ಕಂಡೊಡನೆ ಅವಳ ಪ್ರಾಣ ಹೋಗುತ್ತದೆ. ಚಂಡಶಾಸನನೂ ಅವಳ ಚಿತೆಗೇ ಬೀಳುತ್ತಾನೆ.