ಬಿದನೂರು ಬಿದ್ದರೂ ಉಳಿದ ಶಿಸ್ತು

1763ರಲ್ಲಿ ಹೈದರಾಲಿ ರಾಜಧಾನಿ ಬಿದನೂರನ್ನು ಗೆದ್ದಾಗ ಕೆಳದಿಯ ದೊರೆತನ ಮುಗಿಯಿತು. ಅದರ ಆಡಳಿತದ ಅಳತೆಗೋಲು ಮುಗಿಯಲಿಲ್ಲ. 17ನೇ ಶತಮಾನದಲ್ಲೇ ಕೆಳದಿಯ ದೊರೆ ಶಿವಪ್ಪ ನಾಯಕ ಮಣ್ಣಿನ ಗುಣ ನೋಡಿ ಭೂಮಿಯನ್ನು ದರ್ಜೆಗಳಾಗಿ ವಿಂಗಡಿಸಿದ್ದ. ಬಿತ್ತಿದ್ದೆಷ್ಟು, ಬೆಳೆದದ್ದೆಷ್ಟು, ಬೆಲೆ ಎಷ್ಟು ಎಂದು ವರ್ಷಗಟ್ಟಲೆ ಲೆಕ್ಕ ಹಿಡಿದು ಗದ್ದೆಗೆ ಬೆಳೆಯ ಮೂರನೇ ಒಂದು ಪಾಲನ್ನು ಕಂದಾಯವೆಂದು ನಿಗದಿ ಮಾಡಿದ್ದ. ಅಡಿಕೆ ತೋಟಕ್ಕೆ ಮರದ ಲೆಕ್ಕ. ಇದೇ ಶಿಸ್ತು.

ಮೂರನೇ ಒಂದು ಪಾಲೇನು ಕಡಿಮೆಯೇ ಎಂದು ನೀವು ಕೇಳಬಹುದು. ಕಡಿಮೆಯಲ್ಲ, ನಿಜ. ಆದರೆ ಎಷ್ಟು ಕೊಡಬೇಕೆಂಬುದು ರೈತನಿಗೆ ಮೊದಲೇ ಗೊತ್ತಿತ್ತು. ನಂತರ ಬಂದವರು ಅದೇ ಶಿಸ್ತಿನ ಮೇಲೆ ಪಟ್ಟಿಗಳೆಂಬ ಹೆಚ್ಚುವರಿ ತೆರಿಗೆಗಳನ್ನು ಹೇರುತ್ತ ಹೋದರು. ಮೈಸೂರಿಗೆ ಸೇರಿ ನಗರ ಎನಿಸಿಕೊಂಡಿದ್ದ ಬಿದನೂರು ಸೀಮೆಯಲ್ಲಿ ಎದ್ದ 1830ರ ನಗರ ದಂಗೆಗೆ, ಕೆಳದಿಯ ವಾರಸುದಾರ ತಾನೆಂದ ಬೂದಿ ಬಸವಪ್ಪನ ಸಿಂಹಾಸನದಾಸೆಯೇ ಕಾರಣ ಎನ್ನುವವರಿದ್ದಾರೆ. ಕಂದಾಯದ ಹೊರೆಗೆ ರೋಸಿಹೋದ ರೈತರು ಕೂಟ ಸೇರದಿದ್ದರೆ ಅವನ ಹಿಂದೆ ಯಾರಿರುತ್ತಿದ್ದರು? ಮರುವರ್ಷ, 1831ರಲ್ಲಿ, ಮೈಸೂರಿನ ಆಡಳಿತವೇ ಬ್ರಿಟಿಷರ ಕೈಸೇರಿತು.